ನಾನು ಹಿಡಿದ ಆಕೆಯ ಬ್ಯಾಗು

ಕಳೆದ ತಿಂಗಳು ಕಾಸರಗೋಡಿನಲ್ಲಿ ಆಕೆಯನ್ನು ಮಣ್ಣು ಮಾಡಿದರು. ಇಗರ್ಜಿಯ ಹಿಂದಿನ ಸ್ಮಶಾನದಲ್ಲಿ ಹೆಚ್ಚು ಜನ ಇರಲಿಲ್ಲ. ಪಾದ್ರಿಗಳು ಪ್ರಾರ್ಥನೆ ಮುಗಿಸಿ, ಪುಸ್ತಕ ಮಡಚಿ, "ಸಂಬಂಧಿಕರು ಮೊದಲು ಬಂದು ಮಣ್ಣು ಹಾಕಿ" ಎಂದರು. ಯಾರೂ ಮುಂದೆ ಹೋಗಲಿಲ್ಲ. ಕೊನೆಗೆ ಆಕೆಯ ಜೊತೆ ಹಾಸ್ಟೆಲಿನ ಅಡಿಗೆಮನೆಯಲ್ಲಿ ದುಡಿಯುತ್ತಿದ್ದ ಹೆಂಗಸೊಬ್ಬಳು ಚಪ್ಪಲಿ ಕಳಚಿಟ್ಟು ಹೋಗಿ ಒಂದು ಹಿಡಿ ಮಣ್ಣು ಹಾಕಿದಳು. ಅವಳು ನಮ್ಮ ಜಾತಿಯವಳೂ ಅಲ್ಲ, ನಮ್ಮ ಧರ್ಮದವಳೂ ಅಲ್ಲ.

ನಾನು ಅಲ್ಲೇ ಇದ್ದೆ. ಸತ್ತವಳು ನನ್ನ ಅಣ್ಣನ ಮಗನ ಹೆಂಡತಿ. ಆದರೆ ಆಕೆಗೂ ನನಗೂ ಕಾನೂನಿನ ಲೆಕ್ಕದಲ್ಲಿ ಸಂಬಂಧವಿಲ್ಲ ಎಂದು ನಾನೇ ವಕೀಲರಿಂದ ಕೋರ್ಟಿನಲ್ಲಿ ವಾದ ಮಾಡಿಸಿ ಗೆದ್ದಿದ್ದೆ. ಗೆದ್ದ ವಾದವನ್ನು ಸ್ಮಶಾನದಲ್ಲಿ ನಿಂತು ಬಿಟ್ಟುಕೊಡಲು ನಾಚಿಕೆಯಾಯಿತು. ಎಲ್ಲರೂ ಮಣ್ಣು ಹಾಕಿ ಹೋಗುವಾಗ ಊರಿನ ಯಾರೋ ದೂರದ ಪರಿಚಯದವನ ಹಾಗೆ ನಾನೂ ಹಾಕಿ ಬಂದೆ.

ಆಕೆಯ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಬದುಕಿದ್ದಾಗ ಆಕೆಯ ಬಗ್ಗೆ ಹೇಳಬೇಕಾದ ಎರಡು ಮಾತನ್ನು ಹೇಳದವನು ಸತ್ತ ಮೇಲೆ ಹೆಸರು ಹಾಕಿ ಬರೆಯುವುದು ಚಂದವಲ್ಲ. ನಾನು ಹೈಸ್ಕೂಲಿನವರೆಗೆ ಓದಿದವನು, ವರ್ಕಾಡಿಯ ಕಡೆ ಹಿಟ್ಟಿನ ಗಿರಣಿ ಇಟ್ಟುಕೊಂಡು ಬದುಕಿದವನು. ಬರೆದು ಅಭ್ಯಾಸವಿಲ್ಲ. ಆಕೆ ಹೇಗಿದ್ದಳೋ ಹಾಗೆ ಬರೆಯಲು ನೋಡುತ್ತೇನೆ.

ಆಕೆ ಮದುವೆಯಾಗಿ ಬಂದದ್ದು ಪುತ್ತೂರಿನ ಕಡೆಯಿಂದ. ನಮ್ಮ ಎರಡು ಮನೆಗಳ ನಡುವೆ ಒಂದು ಗದ್ದೆಬೈಲು. ಈಚೆ ದಡದಲ್ಲಿ ನನ್ನ ಮನೆ ಮತ್ತು ಗಿರಣಿ, ಆಚೆ ದಡದಲ್ಲಿ ತೀರಿಹೋದ ನನ್ನ ಅಣ್ಣನ ಮನೆ. ಅಲ್ಲಿ ಅತ್ತಿಗೆ ಮತ್ತು ಅವರ ಮಗ. ಮನೆಯಲ್ಲಿ ನಮ್ಮದು ಕೊಂಕಣಿ. ಆಕೆ ಕನ್ನಡ ಶಾಲೆಯಲ್ಲಿ ಕಲಿತವಳು, ನಾನೂ ಹಾಗೆಯೇ. ಹಾಗಾಗಿ ಗಿರಣಿಗೆ ಅಕ್ಕಿ ತಂದಾಗ ನನ್ನ ಜೊತೆ ಕನ್ನಡದಲ್ಲಿ ಮಾತು. ನನ್ನನ್ನು ಕರೆಯುತ್ತಿದ್ದುದು ಮಾತ್ರ ಕೊಂಕಣಿಯಲ್ಲಿ, ಬಾಪ್ಪು ಎಂದು. ಚಿಕ್ಕಪ್ಪ ಎಂದು ಅರ್ಥ.

ಮೊದಲ ಸಲ ಬಂದ ದಿನವೇ ಗಿರಣಿಯ ಬಾಗಿಲಲ್ಲಿ ನಿಂತು ನನ್ನ ತಲೆಯನ್ನು ನೋಡಿ, "ಬಾಪ್ಪು, ನಿಮ್ಮ ಕೂದಲು ಬೆಳ್ಳಗಾದದ್ದು ಪ್ರಾಯದಿಂದಲಾ, ಹಿಟ್ಟಿನಿಂದಲಾ?" ಎಂದು ಕೇಳಿದ್ದಳು. ಹೊಸ ಸೊಸೆ ಹಾಗೆ ಮಾತಾಡುವುದು ನಮ್ಮಲ್ಲಿ ಇಲ್ಲ. ನನಗೆ ನಗು ಬಂತು.

"ಹಿಟ್ಟು ಅಂತಲೇ ಇಟ್ಟುಕೋ ಮಗಾ."

"ಹಾಗಾದ್ರೆ ಒಮ್ಮೆ ಕೊಡವಿ ತೋರಿಸಿ. ನೋಡದೆ ಹೇಗೆ ಇಟ್ಟುಕೊಳ್ಳುವುದು?"

ನೋಡದೆ ಇಟ್ಟುಕೊಳ್ಳದಿರುವುದು ಆಕೆಯ ಸ್ವಭಾವ. ಇದ್ದದ್ದಕ್ಕಿಂತ ಒಂದು ಎಳೆ ಹೆಚ್ಚು ಹೇಳುವವಳಲ್ಲ, ಕಡಿಮೆಯೂ ಹೇಳುವವಳಲ್ಲ. ಯಾವಾಗಲೂ, ಎಲ್ಲರೂ, ಯಾರೂ ಎಂಬ ಶಬ್ದಗಳು ಆಕೆಯ ಬಾಯಲ್ಲಿ ಬರುತ್ತಿರಲಿಲ್ಲ. ಒಮ್ಮೆ ಆ ಮನೆಯಲ್ಲಿ ಮಧ್ಯಾಹ್ನದ ಊಟಕ್ಕೆ ನಾನೂ ಇದ್ದೆ. ಬಂಗುಡೆ ಮೀನಿನ ಸಾರು ಉಪ್ಪಾಗಿತ್ತು. ಅತ್ತಿಗೆ ನನ್ನ ಎದುರು, "ಇವಳ ಕೈಯಲ್ಲಿ ಯಾವಾಗಲೂ ಹೀಗೆಯೇ" ಎಂದರು. ಆಕೆ ಬಡಿಸುತ್ತಿದ್ದ ಸೌಟನ್ನು ನಿಲ್ಲಿಸಿ ಯೋಚಿಸಿದಳು. ಆಮೇಲೆ ಹೇಳಿದಳು, "ಸೋಮವಾರ ಉಪ್ಪಾದದ್ದು ನನ್ನಿಂದ. ಇವತ್ತು ನಾನು ಒಂದು ಸಲ ಹಾಕಿದ್ದು, ಮಾಂಯ್ ಒಂದು ಸಲ ಹಾಕಿದ್ದು." ಮಾಂಯ್ ಅಂದರೆ ಅತ್ತೆ. ದನಿಯಲ್ಲಿ ಸಿಟ್ಟಿರಲಿಲ್ಲ. ಲೆಕ್ಕ ಒಪ್ಪಿಸಿದ ಹಾಗೆ ಇತ್ತು. ಆದರೆ ಅತ್ತಿಗೆಯ ಮುಖ ಕಪ್ಪಿಟ್ಟಿತು, ಅಣ್ಣನ ಮಗ ತಟ್ಟೆಯಿಂದ ತಲೆಯೆತ್ತಿ ಆಕೆಯನ್ನು ನೋಡಿದ. ಆ ನೋಟವನ್ನು ನಾನು ಕಂಡೆ. ಕಂಡು, ಅನ್ನಕ್ಕೆ ಮಜ್ಜಿಗೆ ಹಾಕಿಕೊಂಡೆ.

ಆಕೆ ಕೋಳಿ ಸಾಕಿದ್ದಳು. ಹುಂಜಕ್ಕೆ ಗುರ್ಕಾರ ಎಂದು ಹೆಸರಿಟ್ಟಿದ್ದಳು. ಇದರ ತಮಾಷೆ ತಿಳಿಯಬೇಕಾದರೆ ಗುರ್ಕಾರ ಎಂದರೆ ಯಾರೆಂದು ಹೇಳಬೇಕು. ನಮ್ಮ ಇಗರ್ಜಿಗಳಲ್ಲಿ ಹತ್ತಿಪ್ಪತ್ತು ಮನೆಗಳಿಗೆ ಒಬ್ಬ ಹಿರಿಯನನ್ನು ಆರಿಸುತ್ತಾರೆ. ಸಾವು, ಮದುವೆ, ಹಬ್ಬಗಳಿಗೆ ಅವನು ಮುಂದೆ ನಿಲ್ಲಬೇಕು. ಮನೆಗಳಲ್ಲಿ ಜಗಳವಾದರೆ ಪಾದ್ರಿಗಳವರೆಗೆ ಹೋಗದ ಹಾಗೆ ಅಲ್ಲೇ ಮುಗಿಸಬೇಕು. ಅವನೇ ಗುರ್ಕಾರ. ನಮ್ಮ ಕಡೆಗೆ ಬಹಳ ವರ್ಷ ನಾನೇ ಗುರ್ಕಾರನಾಗಿದ್ದೆ.

"ಹುಂಜಕ್ಕೆ ನನ್ನ ಹುದ್ದೆ ಯಾಕೆ ಕೊಟ್ಟೆ ಮಾರಾಯ್ತಿ?" ಎಂದು ಕೇಳಿದೆ.

"ಹೇಂಟೆಗಳು ಜಗಳ ಮಾಡುವಾಗ ಅವನು ಓಡಿ ಬಂದು ನಡುವೆ ನಿಲ್ಲುತ್ತಾನೆ ಬಾಪ್ಪು. ಎದೆ ಉಬ್ಬಿಸಿಕೊಂಡು ನಿಲ್ಲುವುದು ನೋಡ್ಲಿಕ್ಕೆ ಚಂದ ಉಂಟು."

"ಒಳ್ಳೆಯದೇ ಅಲ್ವಾ ಮತ್ತೆ?"

"ಒಳ್ಳೆಯದೇ. ಆಮೇಲೆ ಸೋತ ಹೇಂಟೆಗೇ ಇನ್ನೊಂದು ಕುಕ್ಕುತ್ತಾನೆ."

ನಾನು ಹೊಟ್ಟೆ ಹಿಡಿದು ನಕ್ಕೆ. ಗಿರಣಿಗೆ ಬಂದವರಿಗೆಲ್ಲ ಇದನ್ನು ಹೇಳಿ ನಗಿಸಿದೆ. ಮಾತು ನನಗೇ ಹೇಳಿದ್ದೆಂದು ತಿಳಿಯಲು ನನಗೆ ಇಷ್ಟು ಪ್ರಾಯವಾಗಬೇಕಾಯಿತು.

ಅಣ್ಣನ ಮಗ ಗೂಡ್ಸ್ ಟೆಂಪೊ ಓಡಿಸುತ್ತಿದ್ದ. ಕುಡಿಯುವವನಲ್ಲ, ಬೀಡಿ ಸೇದುವವನಲ್ಲ, ಭಾನುವಾರದ ಪೂಜೆ ತಪ್ಪಿಸುವವನಲ್ಲ. ಅದು ನಮಗೆಲ್ಲ ದೊಡ್ಡ ಸಮಾಧಾನವಾಗಿತ್ತು. ಕುಡಿದವನು ಹೊಡೆದರೆ ಕಾರಣ ಬೇಕಾಗಿಲ್ಲ. ಕುಡಿಯದವನು ಹೊಡೆದರೆ ಏನೋ ಕಾರಣ ಇರಲೇಬೇಕು ಎಂದು ನಾವು ತಿಳಿದಿದ್ದೆವು. ಆ ಕಾರಣವನ್ನು ಆಕೆಯಲ್ಲಿ ಹುಡುಕುವುದು ಸುಲಭವಿತ್ತು. ಆಕೆ ಎದುರು ಹೇಳುತ್ತಾಳಲ್ಲ.

ಮೊದಲ ಸಲ ಆಕೆ ಬ್ಯಾಗು ಹಿಡಿದುಕೊಂಡು ಬೈಲು ದಾಟಿ ಬಂದದ್ದು ಮದುವೆಯ ಮಾರನೆಯ ವರ್ಷ. ಕಂದು ಬಣ್ಣದ ರೆಕ್ಸಿನ್ ಬ್ಯಾಗು, ಮದುವೆಗೆ ತವರಿನವರು ಕೊಟ್ಟದ್ದು. ಜಗಲಿಯಲ್ಲಿ ಇಟ್ಟು, "ಬಾಪ್ಪು, ಅವರು ಹೊಡೆದರು. ಇದು ಮೊದಲಲ್ಲ. ಮಾಂಯ್ ನೋಡಿದರು. ನಿಲ್ಲಿಸಲಿಲ್ಲ" ಎಂದಳು. ಅಳಲಿಲ್ಲ. ನನ್ನ ಹೆಂಡತಿ ಒಳಗೆ ಕರೆದುಕೊಂಡು ಹೋಗಿ ಚಾ ಕೊಟ್ಟಳು. ನಾನು ಗಿರಣಿ ನಿಲ್ಲಿಸಿ, ಅಂಗಿ ಹಾಕಿ, ಆಕೆಯ ಬ್ಯಾಗನ್ನು ಕೈಗೆತ್ತಿಕೊಂಡೆ.

ಇದರಲ್ಲಿ ನನ್ನದೊಂದು ಪದ್ಧತಿ ಇತ್ತು. ಮನೆ ಬಿಟ್ಟು ಬಂದ ಸೊಸೆ ತಾನಾಗಿ ಹಿಂದೆ ಹೋದರೆ ಅವಳಿಗೆ ಮರ್ಯಾದೆ ಇಲ್ಲ. ಗಂಡನ ಕಡೆಯ ಹಿರಿಯನೊಬ್ಬ ಕರೆದುಕೊಂಡು ಹೋಗಬೇಕು, ಅವಳ ಬ್ಯಾಗನ್ನು ಆ ಹಿರಿಯನೇ ಹಿಡಿಯಬೇಕು. ಆಗ ನೋಡಿದವರಿಗೆ, ಇವಳು ಸೋತು ಬರುತ್ತಿಲ್ಲ, ಇವಳನ್ನು ಕರೆದು ತರುತ್ತಿದ್ದಾರೆ ಎಂದು ಗೊತ್ತಾಗುತ್ತದೆ. ನಾನು ಹಲವು ಮನೆಗಳ ಸೊಸೆಯಂದಿರ ಬ್ಯಾಗು ಹಾಗೆ ಹಿಡಿದಿದ್ದೇನೆ. "ಗುರ್ಕಾರ್ರು ಬ್ಯಾಗು ಹಿಡಿದರೆ ಮನೆ ಉಳಿಯುತ್ತದೆ" ಎಂದು ಊರಿನಲ್ಲಿ ಹೇಳುತ್ತಿದ್ದರು. ನನಗೆ ಅದರಲ್ಲಿ ಹೆಮ್ಮೆ ಇತ್ತು. ಮನೆ ಉಳಿಯುತ್ತಿತ್ತು, ನಿಜ. ಒಳಗಿನವರು ಹೇಗೆ ಉಳಿದರು ಎಂದು ನೋಡಲು ನಾನು ಮತ್ತೆ ಹೋಗುತ್ತಿರಲಿಲ್ಲ.

ಆಕೆ ಮತ್ತೊಮ್ಮೆ ಬಂದಳು. ಮತ್ತೆ ನಾನು ಬ್ಯಾಗು ಹಿಡಿದೆ. ಗದ್ದೆಗಳ ನಡುವಿನ ಕಟ್ಟಹುಣಿಯ ಮೇಲೆ ನಾನು ಮುಂದೆ, ಆಕೆ ಹಿಂದೆ. ಗದ್ದೆಯಲ್ಲಿದ್ದವರು ಬಗ್ಗಿದಲ್ಲಿಂದ ಎದ್ದು ನೋಡುತ್ತಿದ್ದರು.

ಕೊನೆಯ ಸಲ ಬಂದಾಗ ಎಡಗೈಯ ಮಣಿಕಟ್ಟು ಊದಿತ್ತು. ಗಂಡ ಅದನ್ನು ಬಾಗಿಲಿಗೂ ಚೌಕಟ್ಟಿಗೂ ನಡುವೆ ಸಿಕ್ಕಿಸಿ ಬಾಗಿಲು ಎಳೆದನಂತೆ. ನನ್ನ ಹೆಂಡತಿ ಬಿಸಿ ಮಾಡಿದ ತೆಂಗಿನೆಣ್ಣೆ ಹಚ್ಚುತ್ತಾ ನನ್ನ ಮುಖ ನೋಡಿದಳು. "ಇವತ್ತು ಬೇಡ. ಇವತ್ತು ಇಲ್ಲೇ ಇರಲಿ" ಎಂದಳು. ನಾನು ಕೇಳಲಿಲ್ಲ. ಒಂದು ದಿನ ಇಲ್ಲಿ ಉಳಿದರೆ ಅದು ಊರಿನ ಮಾತಾಗುತ್ತದೆ, ಮಾತಾದರೆ ಪಾದ್ರಿಗಳ ಕಿವಿಗೆ ಹೋಗುತ್ತದೆ, ಗುರ್ಕಾರನ ಮನೆತನದಲ್ಲೇ ಹೀಗಂತೆ ಎನ್ನುತ್ತಾರೆ. ನನ್ನ ತಲೆಯಲ್ಲಿ ಇದ್ದದ್ದು ಇಷ್ಟೇ. ಬ್ಯಾಗು ಎತ್ತಿಕೊಂಡೆ.

"ಹೋಗುವಾ ಮಗಾ. ನಾನು ಅವನ ಹತ್ತಿರ ಮಾತಾಡ್ತೇನೆ."

"ಹೋದ ಸಲವೂ ಮಾತಾಡಿದ್ರಿ ಬಾಪ್ಪು."

"ಈ ಸಲ ಗಟ್ಟಿಯಾಗಿ ಮಾತಾಡ್ತೇನೆ."

ಆಕೆ ಊದಿದ ಕೈಯನ್ನು ಇನ್ನೊಂದು ಕೈಯಲ್ಲಿ ಹಿಡಿದುಕೊಂಡು ನನ್ನ ಹಿಂದೆ ನಡೆದಳು. ಹುಣಿಯ ನಡುವೆ ಒಮ್ಮೆ ನಿಂತಳು. ನಾನು ತಿರುಗಿ ನೋಡಿದೆ. "ಎಂತ ಇಲ್ಲ, ಬನ್ನಿ" ಎಂದಳು. ಆ ಕ್ಷಣದಲ್ಲಿ ಆಕೆ ತಿರುಗಿ ಹೋಗಬಹುದಿತ್ತು. ಆದರೆ ಬ್ಯಾಗು ನನ್ನ ಕೈಯಲ್ಲಿತ್ತು.

ಅಲ್ಲಿ ಮುಟ್ಟುವಾಗ ತೇರ್ಸಾದ ಹೊತ್ತು. ಸಂಜೆಯ ಜಪಸರವನ್ನು ನಾವು ತೇರ್ಸ್ ಎನ್ನುತ್ತೇವೆ. ಜಪ ಮುಗಿದ ಮೇಲೆ ಕಿರಿಯರು ಹಿರಿಯರ ಮುಂದೆ ಕೈಜೋಡಿಸಿ ಬೆಸಾಂವ್, ಅಂದರೆ ಆಶೀರ್ವಾದ, ಕೇಳುವುದು ನಮ್ಮ ಕ್ರಮ. ಜಗಳವಾದ ಮನೆಗಳಲ್ಲಿ ನಾನು ಇದನ್ನೇ ಉಪಯೋಗಿಸುತ್ತಿದ್ದೆ. ಸೊಸೆ ಅತ್ತೆಯ ಮುಂದೆ ಮೊಣಕಾಲೂರಿ ಬೆಸಾಂವ್ ಕೇಳುತ್ತಾಳೆ, ಅತ್ತೆ ದೇವರು ಒಳ್ಳೆಯದು ಮಾಡಲಿ ಎನ್ನುತ್ತಾಳೆ, ಅಲ್ಲಿಗೆ ಮುಗಿಯಿತು. ಯಾರು ಸರಿ, ಯಾರು ತಪ್ಪು ಎಂಬ ಪ್ರಶ್ನೆಯೇ ಬರುವುದಿಲ್ಲ. ಅಷ್ಟು ಸುಲಭದ ದಾರಿ ಬೇರೆ ಇಲ್ಲ.

"ಕೇಳು ಮಗಾ" ಎಂದೆ.

ಆಕೆ ಮೊಣಕಾಲೂರಿದಳು. ಎಡಗೈ ಏಳಲಿಲ್ಲ. ಬಲಗೈಯೊಂದನ್ನೇ ಎದೆಗೆ ಒತ್ತಿಕೊಂಡು ಬೆಸಾಂವ್ ಕೇಳಿದಳು.

"ಎರಡು ಕೈ ಇಲ್ಲವಾ?" ಎಂದರು ಅತ್ತಿಗೆ.

ಅಣ್ಣನ ಮಗ ಮೋಂಬತ್ತಿ ನಂದಿಸುತ್ತಿದ್ದ. ಆಕೆ ನನ್ನ ಕಡೆ ನೋಡಿದಳು. ಅತ್ತಿಗೆಯ ಕಡೆಯಲ್ಲ, ಗಂಡನ ಕಡೆಯಲ್ಲ, ನನ್ನ ಕಡೆ. ನಾನು ಯೇಸುವಿನ ಪಟವನ್ನು ನೋಡಿದೆ. ಆಕೆ ಬಲಗೈಯಿಂದ ಎಡಗೈಯನ್ನು ಎತ್ತಿ ಜೋಡಿಸಿದಳು. ಊಟವನ್ನೂ ನಾನು ಅಲ್ಲೇ ಮಾಡಿದೆ. ಗಟ್ಟಿಯಾಗಿ ಏನನ್ನೂ ಮಾತಾಡಲಿಲ್ಲ.

ಅದಾಗಿ ಸ್ವಲ್ಪ ಕಾಲಕ್ಕೆ, ಒಂದು ಬೆಳಿಗ್ಗೆ, ಆಕೆ ಕೊಡೆ ಹಿಡಿದುಕೊಂಡು ಗಿರಣಿಯ ಎದುರಿನಿಂದಲೇ ಹೋದಳು. "ಮಂಜೇಶ್ವರಕ್ಕೆ ಹೋಗಿ ಬರ್ತೇನೆ ಬಾಪ್ಪು" ಎಂದಳು. ಕೈಯಲ್ಲಿ ಬ್ಯಾಗು ಇರಲಿಲ್ಲ. ಹೆಂಗಸರಿಗೆ ಪೇಟೆಯಲ್ಲಿ ಏನಾದರೂ ಕೆಲಸವಿರುತ್ತದೆ ಎಂದು ನಾನು ತಲೆಯಾಡಿಸಿದೆ. ಆಕೆ ಹಿಂದೆ ಬರಲಿಲ್ಲ. ಬ್ಯಾಗು ಕಂಡರೆ ನಾನು ಹಿಡಿಯುತ್ತೇನೆಂದು ಆಕೆಗೆ ಗೊತ್ತಿತ್ತು. ಉಟ್ಟ ಸೀರೆಯಲ್ಲಿ ಹೋದಳು.

ಕೆಲವು ವಾರಗಳಲ್ಲಿ ಸಮನ್ಸು ಬಂತು. ಕೌಟುಂಬಿಕ ದೌರ್ಜನ್ಯದ ಕಾನೂನಿನಲ್ಲಿ ಕೇಸು. ಎದುರುದಾರರು ಮೂವರು: ಗಂಡ, ಅತ್ತೆ, ನಾನು.

ಆ ಮೂರು ಹೆಸರು ಉಳಿದದ್ದು ಹೇಗೆಂದು ಆಮೇಲೆ ನನ್ನ ಹೆಂಡತಿಯಿಂದ ಗೊತ್ತಾಯಿತು. ಅವರಿಬ್ಬರು ಫೋನಿನಲ್ಲಿ ಮಾತಾಡುತ್ತಿದ್ದರು, ನನಗೆ ಹೇಳದೆ. ದೂರು ಬರೆದುಕೊಟ್ಟವರು ಗಂಡನ ಕಡೆಯ ಎಲ್ಲರನ್ನೂ ಸೇರಿಸಿದ್ದರಂತೆ, ಮುಂಬೈಯಲ್ಲಿರುವ ನಾದಿನಿಯನ್ನು, ನಾದಿನಿಯ ಗಂಡನನ್ನು, ನನ್ನ ಹೆಂಡತಿಯನ್ನು ಕೂಡ. ಎಲ್ಲರೂ ಸೇರಿ ಯಾವಾಗಲೂ ಹಿಂಸೆ ಕೊಟ್ಟರು ಎಂದು ಮಲಯಾಳದಲ್ಲಿ ಬರೆದಿತ್ತು. ಓದಿ ಹೇಳಿದಾಗ ಆಕೆ ತಡೆದಳು.

"ನಾದಿನಿ ಬರುವುದೇ ಎರಡು ಮೂರು ವರ್ಷಕ್ಕೊಮ್ಮೆ. ಬಂದಾಗ ನನಗೆ ನೈಟಿ ತರ್ತಾಳೆ. ಅವಳ ಗಂಡ ನನ್ನ ಹತ್ತಿರ ಮಾತಾಡಿದ್ದೇ ಇಲ್ಲ. ಮಾವ್ಶಿ ಕೈಗೆ ಎಣ್ಣೆ ಹಚ್ಚಿದವರು. ಇವರ ಹೆಸರು ತೆಗೀರಿ." ಮಾವ್ಶಿ ಅಂದರೆ ಚಿಕ್ಕಮ್ಮ, ನನ್ನ ಹೆಂಡತಿ.

"ಹೆಸರು ಜಾಸ್ತಿ ಇದ್ದರೆ ಹೆದರಿ ಬೇಗ ರಾಜಿಗೆ ಬರ್ತಾರಮ್ಮ" ಎಂದರಂತೆ ಬರೆದವರು.

"ನಾನು ಹೆದರಿಸ್ಲಿಕ್ಕೆ ಬಂದದ್ದಲ್ಲ."

"ಹಾಗಾದ್ರೆ ಈ ಚಿಕ್ಕಪ್ಪನ ಹೆಸರೂ ತೆಗೆಯುವುದಾ?"

"ಅದು ಇರಲಿ."

ಆಕೆಗೆ ಬೇಕಾದದ್ದು ಬೇರೇನೂ ಅಲ್ಲ, ಆ ಮನೆಯಲ್ಲಿ ಇರುವುದು. ಅಡಿಗೆಮನೆಯ ಪಕ್ಕದ ಕೋಣೆಯಲ್ಲಿ ತಾನು ಇರಬೇಕು, ತನಗೆ ಯಾರೂ ಹೊಡೆಯಬಾರದು. ತವರಿನಲ್ಲಿ ತಂದೆತಾಯಿ ಇರಲಿಲ್ಲ, ಅಣ್ಣನಿಗೆ ಬೇಡವಾಗಿತ್ತು. ಆ ಕೋಣೆ ಕಟ್ಟುವಾಗ ಕೆಂಪುಕಲ್ಲು ಹೊತ್ತವರಲ್ಲಿ ಆಕೆಯೂ ಒಬ್ಬಳು. ಹಿತ್ತಿಲಲ್ಲಿ ಆಕೆ ನೆಟ್ಟ ಜೀಗುಜ್ಜೆಯ, ಅಂದರೆ ದೀವಿಹಲಸಿನ, ಗಿಡ ಆಗ ಸೊಂಟದೆತ್ತರ ಬಂದಿತ್ತು. ಬಾಳಿದ ಮನೆಯಲ್ಲಿ ಇರುವ ಹಕ್ಕನ್ನು ಕೊಡುವುದಕ್ಕೆ ಈ ಕಾನೂನಿನಲ್ಲಿ ದಾರಿ ಉಂಟು.

ನಾನು ವಕೀಲರ ಹತ್ತಿರ ಹೋದೆ. ಅವರು ಹಗುರವಾಗಿ ಹೇಳಿದರು, "ನೀವು ಅವಳ ಜೊತೆ ಒಂದೇ ಮನೆಯಲ್ಲಿ ಇದ್ದಿರಾ? ಇಲ್ಲ. ಬೈಲಿನ ಆಚೆ ಅವರು, ಈಚೆ ನೀವು. ಒಟ್ಟಿಗೆ ಬಾಳದವರನ್ನು ಈ ಕೇಸಿಗೆ ಎಳೀಲಿಕ್ಕೆ ಆಗುವುದಿಲ್ಲ ಗುರ್ಕಾರ್ರೆ. ಗಂಡನ ಮೇಲಿನ ಸಿಟ್ಟಿಗೆ ಕಂಡಕಂಡ ನೆಂಟರ ಹೆಸರು ಬರೆಸುವುದು ಈಗ ಅಭ್ಯಾಸ ಆಗಿದೆ. ಕೋರ್ಟಿಗೂ ಗೊತ್ತುಂಟು."

ಆ ನಿಯಮ ಸರಿಯಾದದ್ದೇ. ಏನೂ ಮಾಡದ ನಾದಿನಿಯರು, ದೂರದ ಮಾವಂದಿರು ಕೋರ್ಟಿನ ವರಾಂಡದಲ್ಲಿ ಕುಳಿತು ಅಳುವುದನ್ನು ಆ ದಿನಗಳಲ್ಲಿ ನಾನೇ ನೋಡಿದ್ದೇನೆ. ಅವರಿಗಾಗಿ ತೆರೆದಿಟ್ಟ ಬಾಗಿಲಿನಿಂದ ನಾನು ಹೊರಗೆ ಬಂದೆ. ತಪ್ಪು ಬಾಗಿಲಿನದ್ದಲ್ಲ.

ನನ್ನನ್ನು ಕೇಸಿನಿಂದ ಬಿಡಬೇಕೆಂದು ವಕೀಲರು ಕೇಳಿದ ದಿನ ಆಕೆಯೂ ಇದ್ದಳು. ಮಲಯಾಳ ಆಕೆಗೆ ಅರ್ಥವಾಗುತ್ತಿತ್ತು, ಮಾತಾಡಲು ಬರುತ್ತಿರಲಿಲ್ಲ. ಆಕೆ ಕನ್ನಡದಲ್ಲಿ ಹೇಳಿದ್ದನ್ನು ಅಲ್ಲಿದ್ದ ಒಬ್ಬರು ಮಲಯಾಳಕ್ಕೆ ಮಾಡಿ ಹೇಳುತ್ತಿದ್ದರು.

"ಇವರು ನಿಮಗೆ ಹೊಡೆದಿದ್ದಾರಾ?" ಎಂದು ನನ್ನ ವಕೀಲರು ಕೇಳಿದರು.

"ಇಲ್ಲ."

"ಬೈದಿದ್ದಾರಾ?"

"ಇಲ್ಲ. ಮಗಾ ಅಂತಲೇ ಕರೆಯುವುದು."

"ಮತ್ತೆ ಎಂತ ಮಾಡಿದರು?"

ಆಕೆ ಯೋಚಿಸಿದಳು. ಸಾರಿನ ಉಪ್ಪಿನ ದಿನ ಸೌಟು ಹಿಡಿದು ಯೋಚಿಸಿದ ಹಾಗೆಯೇ. ಹೇಳಲು ಎಷ್ಟೋ ಇತ್ತು. ನನ್ನ ಪಾಲಿನದ್ದು ಎಷ್ಟೋ ಅಷ್ಟನ್ನೇ ಹೆಕ್ಕಿ ತೆಗೆದಳು.

"ನನ್ನ ಬ್ಯಾಗು ಹಿಡಿದುಕೊಂಡು ಬಂದರು."

ಕನ್ನಡ ಗೊತ್ತಿದ್ದವರು ನಕ್ಕರು. ಮಲಯಾಳಕ್ಕೆ ಮಾಡಿದ ಮೇಲೆ ಉಳಿದವರು ನಕ್ಕರು. ನಗು ಎರಡು ಸಲ ಬಂತು. ವಕೀಲರು ಕೈ ಅಗಲಿಸಿ, "ಬ್ಯಾಗು ಹಿಡಿಯುವುದು ಯಾವ ಸೆಕ್ಷನಿನಲ್ಲಿ ಬರುತ್ತದೆ?" ಎಂದರು. ಮತ್ತೂ ನಗು.

"ಯಾವ ಕಡೆಗೆ ಹಿಡಿದರು ಅಂತ ಅವರನ್ನೇ ಕೇಳಿ" ಎಂದಳು ಆಕೆ.

ಮ್ಯಾಜಿಸ್ಟ್ರೇಟರು ನಕ್ಕಿರಲಿಲ್ಲ. ಅವರು ಪೆನ್ನು ಕೆಳಗಿಟ್ಟು ನನ್ನನ್ನು ನೋಡಿ ನೇರವಾಗಿ ಕೇಳಿದರು: ಈಕೆ ಪೆಟ್ಟು ತಿಂದು ನಿಮ್ಮ ಮನೆಗೆ ಬಂದದ್ದು ಉಂಟಾ, ನೀವು ಹಿಂದೆ ಕರೆದುಕೊಂಡು ಹೋಗಿ ಬಿಟ್ಟದ್ದು ಉಂಟಾ?

ಹೌದು ಎಂದರೆ ಸಾಕಿತ್ತು. ಆಕೆಯ ಕೈಯನ್ನು ಕಂಡ ಹೊರಗಿನವರೆಂದರೆ ನಾನು ಮತ್ತು ನನ್ನ ಹೆಂಡತಿ. ಹೆಂಡತಿಗೆ, "ನೀನು ಕೋರ್ಟು ಮೆಟ್ಟಿಲು ಹತ್ತಿದರೆ ಈ ಮನೆಯ ಮೆಟ್ಟಿಲು ಮರೆತುಬಿಡು" ಎಂದು ಮೊದಲೇ ಹೇಳಿದ್ದೆ. ನಾನೂ ಅಂಥ ಮಾತಾಡಿದವನು. ಕೈ ಎತ್ತದೆ ಇರುವುದೊಂದೇ ಒಳ್ಳೆಯತನವಲ್ಲ ಎಂದು ಆಗ ತಿಳಿದಿರಲಿಲ್ಲ.

"ಹಾಗೆ ಎಂತ ಇಲ್ಲ ಸ್ವಾಮಿ. ಹೊಡೆದ ವಿಷಯ ನನಗೆ ಗೊತ್ತೇ ಇಲ್ಲ. ಒಮ್ಮೆ ದಾರಿಯಲ್ಲಿ ಸಿಕ್ಕಿದಾಗ ಬ್ಯಾಗು ಹಿಡಿದಿರಬಹುದು. ಹೆಂಗಸರಲ್ಲವಾ" ಎಂದೆ.

ಆಕೆ ನನ್ನನ್ನು ನೋಡಲಿಲ್ಲ. ತನ್ನ ಎಡಗೈಯನ್ನು ನೋಡಿಕೊಂಡಳು.

ನಾನು ಬಿಡುಗಡೆಯಾದೆ. ಕೇಸು ಉಳಿದ ಇಬ್ಬರ ಮೇಲೆ ನಡೆಯಿತು. ಊರಿನ ಗುರ್ಕಾರರೇ ಅಂಥದ್ದೇನೂ ಇಲ್ಲವೆಂದು ಕೋರ್ಟಿನಲ್ಲಿ ಹೇಳಿದ್ದಾರೆ ಎಂಬ ಮಾತನ್ನು ಅವರ ವಕೀಲರು ಪ್ರತಿ ಸಲ ಮುಂದಿಟ್ಟರು. ಆಕೆಗೆ ಬೇರೆ ಸಾಕ್ಷಿ ಇರಲಿಲ್ಲ. ನಡೆದು ನಡೆದು ಸಾಕಾಗಿ ಕೊನೆಗೆ ರಾಜಿಗೆ ಒಪ್ಪಿ, ಆ ಮನೆಯಲ್ಲಿ ತನಗೆ ಹಕ್ಕಿಲ್ಲ ಎಂದು ಸಹಿ ಹಾಕಿದಳು. ಕಾಸರಗೋಡಿನಲ್ಲಿ ಕೆಲಸಕ್ಕೆ ಹೋಗುವ ಹೆಂಗಸರ ಹಾಸ್ಟೆಲೊಂದರಲ್ಲಿ ಅಡಿಗೆಗೆ ಸೇರಿದಳೆಂದು ಹೆಂಡತಿ ಹೇಳಿದಳು. ಅತ್ತಿಗೆ ಆಕೆಯ ಕಂದು ಬ್ಯಾಗನ್ನು ಹಿತ್ತಿಲಿಗೆ ಎಸೆದಿದ್ದರು. ಅದನ್ನು ನನ್ನ ಹೆಂಡತಿ ತಂದು ಒರೆಸಿ ಅಟ್ಟದಲ್ಲಿ ಇಟ್ಟಳು. ಯಾಕೆಂದು ನಾನು ಕೇಳಲಿಲ್ಲ, ಅವಳೂ ಹೇಳಲಿಲ್ಲ.

ವರ್ಷಗಳು ಹೋದವು. ಗಿರಣಿ ಮುಚ್ಚಿದೆ. ಗುರ್ಕಾರತನ ಬೇರೆಯವರಿಗೆ ಹೋಯಿತು. ಕಳೆದ ವರ್ಷ ಉಪವಾಸದ ಕಾಲದಲ್ಲಿ ಪಾಪನಿವೇದನೆಗೆ ಹೋದಾಗ ಕೋರ್ಟಿನಲ್ಲಿ ಸುಳ್ಳು ಹೇಳಿದ್ದನ್ನು ಮೊದಲ ಸಲ ಬಾಯಿಬಿಟ್ಟು ಹೇಳಿದೆ. ಹೊಸದಾಗಿ ಬಂದ ಪಾದ್ರಿಗಳು ನನ್ನ ಮೊಮ್ಮಗನ ಪ್ರಾಯದವರು. ಪ್ರಾಯಶ್ಚಿತ್ತಕ್ಕೆ ಒಂದಷ್ಟು ಜಪ ಹೇಳಲು ಕೊಡುತ್ತಾರೆ, ಹೇಳಿ ಮುಗಿಸೋಣ ಎಂದುಕೊಂಡಿದ್ದೆ. ಪಾದ್ರಿಗಳು, "ಅವರು ಬದುಕಿದ್ದಾರಾ?" ಎಂದು ಕೇಳಿದರು.

"ಇದ್ದಾಳೆ."

"ಎಲ್ಲಿ ಅಂತ ಗೊತ್ತುಂಟಾ?"

"ಗೊತ್ತುಂಟು."

"ಮತ್ತೆ ನೀವು ಮೊದಲು ನನ್ನ ಹತ್ತಿರ ಬಂದದ್ದು ಯಾಕೆ?"

ವಕೀಲರನ್ನೂ ಹೋಗಿ ಕಂಡೆ. "ಮುಗಿದ ಕೇಸು. ಈಗ ಬಾಯಿಬಿಟ್ಟರೆ ಸುಳ್ಳು ಹೇಳಿದ್ದಕ್ಕೆ ನಿಮ್ಮ ಮೇಲೆಯೇ ಬಂದೀತು. ಸುಮ್ಮನೆ ಮನೆಯಲ್ಲಿ ಕೂತುಕೊಳ್ಳಿ" ಎಂದರು. ಮನೆಗೆ ಬಂದೆ. ಹೆಂಡತಿ ಅಟ್ಟದಿಂದ ಬ್ಯಾಗನ್ನು ಇಳಿಸಿ ಜಗಲಿಯಲ್ಲಿಟ್ಟಳು. ಜಿಪ್ಪು ತುಕ್ಕು ಹಿಡಿದಿತ್ತು. ಆಚೆ ಮನೆಯ ಹಿತ್ತಿಲಿನ ಜೀಗುಜ್ಜೆ ಈಗ ದೊಡ್ಡ ಮರ. ಕಾಯಿ ಬೇಕೆಂದು ಕೇಳಿದಾಗ ಅಣ್ಣನ ಮಗ ಯಾಕೆಂದು ಕೇಳದೆ ಕೊಯಿದು ಕೊಟ್ಟ. ಎರಡು ಕಾಯಿಗಳನ್ನು ಆ ಬ್ಯಾಗಿಗೆ ಹಾಕಿಕೊಂಡು ಬಸ್ಸು ಹತ್ತಿದೆ.

ಹಾಸ್ಟೆಲಿನ ಹಿಂದಿನ ಬಾಗಿಲಲ್ಲಿ ಆಕೆ ಅಕ್ಕಿ ಗೇರುತ್ತಿದ್ದಳು. ತೆಳ್ಳಗಾಗಿದ್ದಳು. ಕಾಯಿಲೆ ಆಗಲೇ ಒಳಗೆ ಇತ್ತೋ ಏನೋ. ನನ್ನನ್ನು ಕಂಡು ಗೆರಸೆ ಕೆಳಗಿಟ್ಟು ನನ್ನ ತಲೆಯನ್ನು ನೋಡಿದಳು.

"ಪ್ರಾಯದಿಂದಲೇ ಬಾಪ್ಪು. ಈಗ ಗೊತ್ತಾಯ್ತು."

ಚಾ ಕೊಟ್ಟಳು. ಬ್ಯಾಗಿನಿಂದ ಜೀಗುಜ್ಜೆ ತೆಗೆದು ಮೂಸಿ ನೋಡಿ, "ನನ್ನ ಮರದ್ದಾ?" ಎಂದಳು. ಹೌದೆಂದೆ. ಕತ್ತಿಗೆ ಎಣ್ಣೆ ಸವರಿ, ಮಣೆಯ ಮೇಲೆ ಕುಳಿತು ಹೆಚ್ಚತೊಡಗಿದಳು. ಎಡಗೈಯ ಮಣಿಕಟ್ಟು ಪೂರ್ತಿ ಬಾಗುತ್ತಿರಲಿಲ್ಲ. ಕಾಯಿಯನ್ನು ಮುಂಗೈಯಿಂದ ಒತ್ತಿ ಹಿಡಿಯುತ್ತಿದ್ದಳು. ನಾನು ಹೇಳಲು ಬಂದದ್ದನ್ನು ಹೇಳಿದೆ. ಕೋರ್ಟಿನಲ್ಲಿ ಹೇಳಿದ್ದು, ಹೇಳದ್ದು, ತೇರ್ಸಾದ ದಿನ ಪಟ ನೋಡಿಕೊಂಡು ಕುಳಿತದ್ದು, ಹೆಂಡತಿಯನ್ನು ತಡೆದದ್ದು. ಆಕೆ ಹೆಚ್ಚುವುದನ್ನು ನಿಲ್ಲಿಸಲಿಲ್ಲ.

"ಅಲ್ಲಿ ಕೇಳಿದಾಗ ಹೌದು ಅಂದಿದ್ರೆ ಸಾಕಿತ್ತು ಬಾಪ್ಪು. ಇಷ್ಟು ಮಾತು ಬೇಕಿರಲಿಲ್ಲ."

"ನನ್ನನ್ನು ಕ್ಷಮಿಸು ಮಗಾ."

ಆಗ ಆಕೆ ಕತ್ತಿ ಕೆಳಗಿಟ್ಟಳು. ಯೋಚಿಸಿದಳು. ಆ ಯೋಚನೆಯ ಮುಖ ನನಗೆ ಗುರುತಿತ್ತು. ಇರುವುದೆಷ್ಟು ಎಂದು ಒಳಗೆ ಹೋಗಿ ನೋಡಿಕೊಂಡು ಬರುತ್ತಿದ್ದಾಳೆ ಎಂದು ತಿಳಿಯಿತು.

"ನನ್ನ ಹತ್ತಿರ ಅದು ಇಲ್ಲ ಬಾಪ್ಪು. ಇದ್ದಿದ್ರೆ ಕೊಡ್ತಿದ್ದೆ. ನೀವು ಇಷ್ಟು ದೂರ ಬಂದಿದ್ದೀರಿ."

ಆಮೇಲೆ ಜೀಗುಜ್ಜೆಯ ಹೋಳುಗಳನ್ನು ಹಿಟ್ಟಿನಲ್ಲಿ ಅದ್ದಿ ಎಣ್ಣೆಯಲ್ಲಿ ಪೋಡಿ ಕಾಯಿಸಿದಳು. ನನಗೆ ತಿನ್ನಲು ಕೊಟ್ಟು, ನನ್ನ ಹೆಂಡತಿಗೆಂದು ಬಾಳೆಲೆಯಲ್ಲಿ ಕಟ್ಟಿದಳು. ಹೊರಡುವಾಗ ನಾನು ಅಭ್ಯಾಸಬಲದಿಂದ ಬ್ಯಾಗಿಗೆ ಕೈಹಾಕಿದೆ. ಆಕೆ ಅದನ್ನು ಮೆಲ್ಲಗೆ ತನ್ನ ಕಡೆಗೆ ಎಳೆದುಕೊಂಡಳು.

"ಇದು ನನ್ನದಲ್ವಾ? ಇಲ್ಲೇ ಇರಲಿ." ಸೆರಗಿನಿಂದ ಅದರ ಮೇಲಿನ ಧೂಳು ಒರೆಸಿದಳು. "ಒಂದು ಸಲ ನೀವು ಇದನ್ನು ನಾನು ಇರುವ ಕಡೆಗೆ ತಂದಿರಿ."

ಬಸ್ಸಿನಲ್ಲಿ ಪೋಡಿಯ ಪೊಟ್ಟಣ ಮಡಿಲಲ್ಲಿ ಬಿಸಿಯಾಗಿ ಇತ್ತು. ಆ ಮಾತನ್ನು ಕ್ಷಮೆಯೆಂದು ತಿಳಿದುಕೊಳ್ಳಲು ಆ ದಾರಿಯುದ್ದಕ್ಕೂ ಮನಸ್ಸು ಎಳೆಯಿತು. ಈಗಲೂ ಎಳೆಯುತ್ತದೆ. ಆದರೆ ಆಕೆ ಇದ್ದದ್ದಕ್ಕಿಂತ ಹೆಚ್ಚು ಹೇಳುವವಳಲ್ಲ. ಒಂದು ಸಲ ಎಂದಳು. ಒಂದು ಸಲವೇ.